ದೊಡ್ಡವರ ಬಾಗಿಲು ಮುಚ್ಚಿತ್ತಲ್ಲ, ಸ್ವಾಮಿ

ಪತ್ರ: ಕಳೆದ ಸಂಚಿಕೆಯಲ್ಲಿ ಅಮೆರಿಕನ್ ಫುಟ್‌ಬಾಲ್ ಕೋಚ್ ಎಡ್ಡಿ ರಾಬಿನ್ಸನ್ ಅವರನ್ನು ಬಹಳ ಹೊಗಳಿದ್ದೀರಿ. 408 ಪಂದ್ಯ ಗೆದ್ದರು, ಸರಿ. ಆದರೆ ಎದುರಿಗಿದ್ದವು ಹೆಚ್ಚಾಗಿ ಸಣ್ಣ ಕಾಲೇಜುಗಳು. ಅವರನ್ನು ಅಲಬಾಮಾ ವಿಶ್ವವಿದ್ಯಾಲಯದ ಕೋಚ್ ಬೇರ್ ಬ್ರಯಂಟ್ ಪಕ್ಕ ಕೂರಿಸಿದ್ದು ಜಾಸ್ತಿಯಾಯಿತು ಅಲ್ವಾ? — ಓದುಗರೊಬ್ಬರು, ಶಿವಮೊಗ್ಗ

ಉತ್ತರ: ಇಷ್ಟು ಗಮನವಿಟ್ಟು ಓದುವವರು ಪತ್ರ ಬರೆದರೆ ಖುಷಿಯಾಗುತ್ತದೆ. ಬ್ರಯಂಟ್ ದೊಡ್ಡ ಕೋಚ್, ಅವರು ಎದುರಿಸಿದ ತಂಡಗಳೂ ದೊಡ್ಡವು, ಒಪ್ಪಿದೆ. ಆದರೆ ಆ ದೊಡ್ಡ ತಂಡಗಳು ರಾಬಿನ್ಸನ್ ಎದುರು ಯಾಕೆ ಆಡಲಿಲ್ಲ ಅಂತ ನೀವು ಕೇಳಲೇ ಇಲ್ಲವಲ್ಲ! ಅವರು ಕೋಚ್ ಆಗಿದ್ದ ಗ್ರ್ಯಾಂಬ್ಲಿಂಗ್ ಕಪ್ಪು ಜನರ ಕಾಲೇಜು. ವರ್ಣಭೇದದ ಲೂಸಿಯಾನಾದಲ್ಲಿ ಅದರ ಜೊತೆ ಬಿಳಿಯರ ಕಾಲೇಜುಗಳು ಆಡುತ್ತಿರಲಿಲ್ಲ. ಅಲಬಾಮಾದ ಮುಖ್ಯ ತಂಡದಲ್ಲಿ ಕಪ್ಪು ಆಟಗಾರರು ಕಣಕ್ಕಿಳಿದದ್ದೇ 1971ರಲ್ಲಿ. ಬಾಗಿಲು ಹಾಕಿಕೊಂಡವರು ಒಳಗಿದ್ದರು, ನೀವು ಹೊರಗೆ ನಿಂತವರ ಲೆಕ್ಕ ಕೇಳುತ್ತಿದ್ದೀರಿ.

ರಾಬಿನ್ಸನ್ ಅಪ್ಪ ಬೇರೆಯವರ ಹೊಲವನ್ನು ಕೋರಿಗೆ ಮಾಡುತ್ತಿದ್ದವರು. ಮಗ ಮೇವಿನ ಗಿರಣಿಯಲ್ಲಿ ಗಂಟೆಗೆ 25 ಸೆಂಟ್ ಕೂಲಿಗೆ ದುಡಿದು, 1941ರಲ್ಲಿ, 22ನೇ ವಯಸ್ಸಿಗೆ ಕೋಚ್ ಆದರು. ಮೈದಾನದ ಹುಲ್ಲು ಕತ್ತರಿಸಿದ್ದು, ಗೆರೆ ಎಳೆದದ್ದು, ಹುಡುಗರ ಕಾಲಿಗೆ ಪಟ್ಟಿ ಕಟ್ಟಿದ್ದು, ಪಂದ್ಯ ಮುಗಿದ ಮೇಲೆ ಪತ್ರಿಕೆಗೆ ವರದಿ ಬರೆದು ಕಳಿಸಿದ್ದು ಎಲ್ಲ ಅವರೇ. ಮರುವರ್ಷವೇ ಅವರ ತಂಡ ಇಡೀ ಸೀಸನ್‌ನಲ್ಲಿ ಎದುರಾಳಿಗೆ ಒಂದು ಪಾಯಿಂಟೂ ಕೊಡಲಿಲ್ಲ!

ನನಗೆ ಅದಕ್ಕಿಂತ ಮುಖ್ಯ ಅನಿಸುವುದು ಬೇರೆ. ಬೆಳಿಗ್ಗೆ ದನದ ಗಂಟೆ ಬಾರಿಸುತ್ತಾ ಹಾಸ್ಟೆಲ್ ಸುತ್ತಿ, ಹುಡುಗರನ್ನು ಎಬ್ಬಿಸಿ ಕ್ಲಾಸಿಗೆ ಅಟ್ಟುತ್ತಿದ್ದ ಮನುಷ್ಯ ಇವರು. ಆಗೆಲ್ಲ ಕಪ್ಪು ಹುಡುಗನಿಗೆ ತಂಡದ ಆಟ ನಡೆಸುವ ಕ್ವಾರ್ಟರ್‌ಬ್ಯಾಕ್ ಆಗುವಷ್ಟು ಬುದ್ಧಿ ಎಲ್ಲಿದೆ ಅಂತ ವೃತ್ತಿಪರ ತಂಡಗಳು ಅವನನ್ನು ಬೇರೆ ಜಾಗಕ್ಕೆ ಹಾಕುತ್ತಿದ್ದವು. ರಾಬಿನ್ಸನ್ ಹಟ ಹಿಡಿದು ಜೇಮ್ಸ್ ಹ್ಯಾರಿಸ್‌ನನ್ನು ಅದೇ ಜಾಗಕ್ಕೆ ತಯಾರು ಮಾಡಿದರು, 1969ರಲ್ಲಿ ಬಫಲೋದ ವೃತ್ತಿಪರ ತಂಡ ಅವನನ್ನೇ ಆ ಜಾಗದಲ್ಲಿ ಇಳಿಸಿ ಸೀಸನ್ ಶುರು ಮಾಡಿತು. 1988ರಲ್ಲಿ ಅವರ ಇನ್ನೊಬ್ಬ ಶಿಷ್ಯ ಡಗ್ ವಿಲಿಯಮ್ಸ್ ವೃತ್ತಿಪರ ಫುಟ್‌ಬಾಲ್‌ನ ಫೈನಲ್ ಆದ ಸೂಪರ್ ಬೌಲನ್ನು ತನ್ನ ತಂಡಕ್ಕೆ ಗೆದ್ದುಕೊಟ್ಟ. ಹೀಗೆ ಆ ಒಂದು ಪುಟ್ಟ ಕಾಲೇಜಿನಿಂದ 200ಕ್ಕೂ ಹೆಚ್ಚು ಜನ ವೃತ್ತಿಪರ ಆಟಕ್ಕೆ ಹೋದರು. ಸಣ್ಣ ಎದುರಾಳಿಗಳು ಅಂದಿರಲ್ಲ, ಆ ತಂಡಗಳಲ್ಲೂ ಇಂಥದೇ ಹುಡುಗರು ತುಂಬಿದ್ದರು, ಯಾಕೆಂದರೆ ದಕ್ಷಿಣದ ಕಪ್ಪು ಹುಡುಗರಿಗೆ ಹೋಗಲು ಬೇರೆ ಕಾಲೇಜು ಎಲ್ಲಿತ್ತು?

1985ರಲ್ಲಿ ಅವರು ಬ್ರಯಂಟ್‌ರ 323 ಗೆಲುವು ದಾಟಿದಾಗಲೂ ನಿಮ್ಮ ಹಾಗೇ ಮೂಗು ಮುರಿದವರಿದ್ದರು. ಈ ಪಟ್ಟಿ ನೋಡಿ ತೂಗುವ ಚಟ ನಮ್ಮ ಕ್ರೀಡಾಪುಟಗಳಿಗೂ ಅಂಟಿದೆ. ಪದಕ ಬಂದ ದಿನ ಆಟಗಾರನ ಫೋಟೊ, ಮಂತ್ರಿಗಳ ಹಾರ. ಕಲಿಸಿದ ಮೇಷ್ಟ್ರ ಹೆಸರು ಕೊನೇ ಸಾಲಿನಲ್ಲೂ ಇರುವುದಿಲ್ಲ. ನಮ್ಮ ಶಾಲೆಗಳಲ್ಲಿ ಪರೀಕ್ಷೆ ಹತ್ತಿರ ಬಂದರೆ ಮೊದಲು ಹೋಗುವುದೇ ಪಿ.ಟಿ. ಪಿರಿಯಡ್ಡು, ಪಿ.ಟಿ. ಮೇಷ್ಟ್ರನ್ನು ಕರೆಯುವುದು ಸಾಲು ನಿಲ್ಲಿಸೋಕೆ, ಗಲಾಟೆ ಅಡಗಿಸೋಕೆ ಮಾತ್ರ. ನಿಮ್ಮ ಊರಿನಲ್ಲೂ ಅಂಥ ಮೇಷ್ಟ್ರೊಬ್ಬರು ಖಂಡಿತ ಇರುತ್ತಾರೆ. ಮುಂದಿನ ಪತ್ರದಲ್ಲಿ ಅವರ ಬಗ್ಗೆ ಬರೆಯಿರಿ, ಪೂರ್ತಿ ಪ್ರಕಟಿಸುತ್ತೇವೆ.