ಅಣ್ಣ-ತಮ್ಮಂದಿರ ತಕರಾರು ಇದೆ ಅಂತ ಸಬ್ ರಿಜಿಸ್ಟ್ರಾರ್ ಕ್ರಯಪತ್ರ ವಾಪಸ್ ಕಳಿಸಬಹುದಾ?

ನೀವು ಕೊಳ್ಳಲು ಹೊರಟ ಆಸ್ತಿಯ ಮೇಲೆ ಮಾರುವವರ ತಮ್ಮ ಒಂದು ತಕರಾರು ಅರ್ಜಿ ಕೊಟ್ಟಿದ್ದಾನೆ, ಅದನ್ನು ನೋಡಿ ಸಬ್ ರಿಜಿಸ್ಟ್ರಾರ್ "ಮೊದಲು ಬಗೆಹರಿಸಿಕೊಂಡು ಬನ್ನಿ" ಅಂತ ಬಾಯಲ್ಲೇ ಹೇಳಿ ಕಳಿಸಿದರು ಅಂತ ಬರೆದಿದ್ದೀರಿ. ಕೋರ್ಟಿನ ತಡೆಯಾಜ್ಞೆ ಇಲ್ಲದೆ, ಬರೀ ಒಂದು ಅರ್ಜಿ ಇಟ್ಟುಕೊಂಡು ಹಾಗೆ ಕಳಿಸುವಂತಿಲ್ಲ. ನಾನು ಪತ್ರ ಬರೆಯುವ ಕಚೇರಿಯಲ್ಲಿ ಕೆಲಸ ಮಾಡುವವನು, ಈ ಮಾತು ಕೇಳಿ ಸುಮ್ನೆ ಮನೆಗೆ ಹೋಗುವ ಜನರನ್ನು ನೋಡಿದರೆ ಹೊಟ್ಟೆ ಉರಿಯುತ್ತದೆ.

1908ರ ನೋಂದಣಿ ಕಾಯ್ದೆಯ 34ನೇ ಕಲಂ ಪ್ರಕಾರ ಅವರು ವಿಚಾರಿಸಬೇಕಾದದ್ದು ಇಷ್ಟೇ: ಪತ್ರ ಬರೆದುಕೊಟ್ಟವರು ಇವರೇನಾ, ಬರೆದುಕೊಟ್ಟದ್ದನ್ನು ಒಪ್ಪುತ್ತಾರಾ, ಬೇರೆಯವರ ಪರವಾಗಿ ಬಂದಿದ್ದರೆ ಆ ಅಧಿಕಾರ ಇದೆಯಾ. ನೋಂದಣಿಯಾದ ಯಾವುದೇ ಹಳೇ ಪತ್ರದ ಹಿಂಬದಿ ನೋಡಿ, ಫೋಟೋ, ಹೆಬ್ಬೆಟ್ಟಿನ ಗುರುತಿನ ಪಕ್ಕದಲ್ಲಿ "ಬರೆದುಕೊಟ್ಟಿದ್ದಾಗಿ ಒಪ್ಪಿರುತ್ತಾರೆ" ಅಂತ ಇರುತ್ತದೆ. ಆಸ್ತಿ ನಿಜವಾಗಿ ಅವರದೇ ಅಂತ ಅಲ್ಲಿ ಎಲ್ಲೂ ಇರುವುದಿಲ್ಲ. ಹಕ್ಕು ಯಾರದು ಅಂತ ತೀರ್ಮಾನಿಸುವುದು ಸಿವಿಲ್ ಕೋರ್ಟಿನ ಕೆಲಸ. ತಮಿಳುನಾಡು ಸರ್ಕಾರ ಮಾರುವವರ ಮೂಲಪತ್ರ ತೋರಿಸದಿದ್ದರೆ ನೋಂದಣಿ ಇಲ್ಲ ಅಂತ ನಿಯಮ ಮಾಡಿತ್ತು, 2025ರ ಏಪ್ರಿಲ್‌ನಲ್ಲಿ ಸುಪ್ರೀಂ ಕೋರ್ಟ್ ಇದೇ ಕಾರಣಕ್ಕೆ ಅದನ್ನು ರದ್ದು ಮಾಡಿತು.

ಹಾಗಂತ ಅವರು ಯಾವತ್ತೂ ಬೇಡ ಅನ್ನುವ ಹಾಗೇ ಇಲ್ಲ ಅಂತಲ್ಲ. ಮಾರುವವರು ಸಹಿ ನನ್ನದಲ್ಲ ಅಂದರೆ, ಅಪ್ರಾಪ್ತರಾಗಿದ್ದರೆ, ನಿರಾಕರಿಸಲೇಬೇಕು. ಪರಿಶಿಷ್ಟರಿಗೆ ಮಂಜೂರಾದ ಜಮೀನಾದರೆ 1978ರ ಪಿಟಿಸಿಎಲ್ ಕಾಯ್ದೆ (ಅಂಥ ಜಮೀನಿನ ಪರಭಾರೆ ತಡೆಯುವ ಕಾನೂನು) ಪ್ರಕಾರ ಸರ್ಕಾರದ ಅನುಮತಿ ಬೇಕು. ಇ-ಖಾತಾ, ಸರ್ವೆ ಇಲಾಖೆಯ 11ಇ ನಕ್ಷೆ ಬೇಕಾದ ಕಡೆ ಅದನ್ನೂ ಕೇಳುತ್ತಾರೆ.

ಆದರೆ ನಿರಾಕರಿಸಿದರೆ ಕಾರಣವನ್ನು 2ನೇ ಪುಸ್ತಕದಲ್ಲಿ (ನಿರಾಕರಣೆಯ ಕಾರಣ ಬರೆದಿಡುವ ಕಚೇರಿಯ ದಾಖಲೆ ಪುಸ್ತಕ) ಬರೆಯಬೇಕು, ಕೇಳಿದವರಿಗೆ ಪ್ರತಿಯನ್ನು ದುಡ್ಡು ತೆಗೆದುಕೊಳ್ಳದೆ, ತಡ ಮಾಡದೆ ಕೊಡಬೇಕು. ಇದು ನೋಂದಣಿ ಕಾಯ್ದೆಯ 71ನೇ ಕಲಂ. ನಿಮ್ಮ ಕೈಯಲ್ಲಿರುವ ಅಸ್ತ್ರ ಇದೇ. ನಾಳೆಯೇ ಹೋಗಿ "ಆಗಲ್ಲ ಅಂದರೆ ಹಿಂಬರಹ ಕೊಡಿ ಸಾರ್" (ಅಂದರೆ ಕಾರಣ ಬರೆದು ಸಹಿ ಮಾಡಿದ ಉತ್ತರ) ಅಂತ ಬರವಣಿಗೆಯಲ್ಲೇ ಕೇಳಿ, ಸ್ವೀಕೃತಿ ಮೊಹರು ಹಾಕಿಸಿಕೊಳ್ಳಿ. ಎಷ್ಟೋ ಸಲ ಅಲ್ಲಿಗೇ ಕೆಲಸ ಆಗುತ್ತದೆ, ಯಾಕೆಂದರೆ ಬಾಯಲ್ಲಿ ಹೇಳುವುದು ಸುಲಭ, ಸಹಿ ಮಾಡಿ ಕಾರಣ ಬರೆಯುವುದು ಕಷ್ಟ. ಹಿಂಬರಹ ಕೊಟ್ಟರೆ 30 ದಿನದೊಳಗೆ ಜಿಲ್ಲಾ ನೋಂದಣಾಧಿಕಾರಿಗೆ ಮೇಲ್ಮನವಿ ಹಾಕಿ. ಅಲ್ಲೂ ಆಗದಿದ್ದರೆ ಮತ್ತೆ 30 ದಿನದೊಳಗೆ ಸಿವಿಲ್ ಕೋರ್ಟು. ಪತ್ರಕ್ಕೆ ಆಗಲೇ ಸಹಿ ಆಗಿದ್ದರೆ, ಸಹಿಯಾದ 4 ತಿಂಗಳೊಳಗೆ ಹಾಜರುಪಡಿಸಬೇಕು ಅನ್ನುವುದು ನೆನಪಿರಲಿ.

ಇನ್ನೊಂದು ಮಾತು, ಇದು ನಿಮ್ಮ ದುಡ್ಡಿನ ವಿಷಯ. ನೋಂದಣಿ ಮಾಡಿಸಿಬಿಟ್ಟ ಮಾತ್ರಕ್ಕೆ ತಮ್ಮನ ಪಾಲು ಕರಗಿ ಹೋಗುವುದಿಲ್ಲ. ಅದು ಪಿತ್ರಾರ್ಜಿತ ಆಸ್ತಿಯಾಗಿದ್ದು ಅವನು ಈಗಾಗಲೇ ವಿಭಾಗದ ದಾವೆ ಹಾಕಿದ್ದರೆ, ಕ್ರಯ ಆದರೂ ಆ ತೀರ್ಪಿಗೆ ನೀವು ಬದ್ಧರು. ಹಿಂಬರಹ ಕೇಳುವ ದಿನವೇ ಆ ತಕರಾರು ಅರ್ಜಿಯ ನಕಲನ್ನೂ ತೆಗೆದುಕೊಳ್ಳಿ, ಕೇಸ್ ನಂಬರ್ ಏನಾದರೂ ಇದ್ದರೆ ವಕೀಲರಿಗೆ ತೋರಿಸಿ, ಆಮೇಲೆ ಉಳಿದ ಹಣ ಕೊಡಿ.