ಹೋಳಿಗೆ ಹರಿಯದಿರಲು: ಓದುಗರ ಪ್ರಶ್ನೆ, ನಮ್ಮ ಉತ್ತರ

ಪ್ರಶ್ನೆ: ನಾವು ಧಾರವಾಡದ ಕಡೆಯವರು, ಪುಣೆಯ ಕೋಥರೂಡಿನಲ್ಲಿ ನೆಲೆಸಿದ್ದೇವೆ. ಇಲ್ಲಿಯ ಗಿರಣಿಯಲ್ಲಿ ಬೀಸಿಸಿದ ಗೋಧಿ ಹಿಟ್ಟಿನಿಂದ ಕಡಲೆಬೇಳೆ ಹೋಳಿಗೆ ಮಾಡಿದರೆ ಲಟ್ಟಿಸುವಾಗಲೇ ಹೂರಣ ಹೊರಗೆ ಬರುತ್ತದೆ. ಮೈದಾ ಬಳಸದೆ ಹೋಳಿಗೆ ಮಾಡಲು ಸಾಧ್ಯವಿಲ್ಲವೇ?

ಉತ್ತರ: ಖಂಡಿತ ಸಾಧ್ಯ. ನಿಮ್ಮ ನೆರೆಹೊರೆಯ ಮರಾಠಿ ಮನೆಗಳಲ್ಲಿ ಪೂರಣಪೋಳಿಗೆ ಹೆಚ್ಚಾಗಿ ಬಳಸುವುದು ಗೋಧಿ ಹಿಟ್ಟನ್ನೇ. ಹೋಳಿಗೆ ಹರಿದಾಗ ನಾವು ಲಟ್ಟಿಸುವ ಕೈಯನ್ನು ದೂರುತ್ತೇವೆ. ಆದರೆ ದೋಷ ಬಹುಮಟ್ಟಿಗೆ ಇರುವುದು ಕಣಕ (ಹೊರಪದರಕ್ಕೆ ಕಲಸಿದ ಹಿಟ್ಟು) ಮತ್ತು ಹೂರಣಗಳ ಹದ ಒಂದಕ್ಕೊಂದು ಹೊಂದದಿರುವುದರಲ್ಲಿ. ಕಣಕ ಮೆತ್ತಗಿದ್ದು ಹೂರಣ ಗಟ್ಟಿಯಾಗಿದ್ದರೆ ಅಂಚಿಗೆ ಬರೀ ಕಣಕ ಸರಿದು ಹೂರಣ ನಡುವೆಯೇ ಉಳಿಯುತ್ತದೆ. ಹೂರಣ ಸಡಿಲವಾಗಿ ಕಣಕ ಬಿಗಿಯಾಗಿದ್ದರೆ, ನಿಮಗೆ ಆಗುತ್ತಿರುವಂತೆ, ಹೂರಣ ಕಣಕವನ್ನು ಸೀಳಿಕೊಂಡು ಹೊರನುಗ್ಗುತ್ತದೆ.

ಗಿರಣಿಯ ಹಿಟ್ಟಿನಲ್ಲಿರುವ ತವಡಿನ ಚೂರುಗಳು ಕಣಕದ ಜಿಗುಟನ್ನು ಕಡಿಯುವುದರಿಂದ, ಹಿಟ್ಟನ್ನು ಬಹಳ ಸಣ್ಣ ಕಣ್ಣಿನ ಸಾಣಿಗೆಯಲ್ಲಿ, ಸಾಧ್ಯವಾದರೆ ತೆಳುವಾದ ಬಟ್ಟೆಯಲ್ಲಿ ಜರಡಿ ಹಿಡಿಯಿರಿ. ಚಿಟಿಕೆ ಉಪ್ಪು, ಅರಿಸಿನ ಸೇರಿಸಿ ಚಪಾತಿ ಹಿಟ್ಟಿಗಿಂತ ಸಡಿಲವಾಗಿ ಕಲಸಿ, ಎಣ್ಣೆ ಹಾಕುತ್ತ ಚೆನ್ನಾಗಿ ನಾದಿ, ಕನಿಷ್ಠ 2 ಗಂಟೆ ಮುಚ್ಚಿಡಿ. ಈ ನೆನೆಯುವ ಸಮಯವನ್ನು ಉಳಿಸಲು ಹೋಗಬೇಡಿ. ಎಳೆದರೆ ಹರಿಯದೆ ಹಿಗ್ಗುವ ಗುಣ ಕಣಕಕ್ಕೆ ಬರುವುದು ಆಗಲೇ.

ಹೂರಣಕ್ಕೆ ಒಂದು ಅಳತೆ ಕಡಲೆಬೇಳೆಗೆ ಒಂದು ಅಳತೆ ಪುಡಿಬೆಲ್ಲ ಸಾಕು. ಬೇಳೆ ಎರಡು ಬೆರಳ ನಡುವೆ ಒತ್ತಿದರೆ ಹಿಟ್ಟಾಗಬೇಕು, ಆದರೆ ಪಾತ್ರೆಯಲ್ಲಿ ಕರಗಿ ಹೋಗಿರಬಾರದು. ಬೇಳೆ ಪೂರ್ತಿ ಬೇಯುವ ಮೊದಲು ಬೆಲ್ಲ ಹಾಕಿದರೆ ಅದು ಮತ್ತೆ ಮೆತ್ತಗಾಗುವುದು ಕಷ್ಟ. ಕಟ್ಟನ್ನು, ಅಂದರೆ ಬೇಳೆ ಬೆಂದ ನೀರನ್ನು, ಸಂಪೂರ್ಣ ಬಸಿದು ಸಾರಿಗೆ ತೆಗೆದಿಡಿ (ಪುಣೆಯವರ ಕಟಾಚಿ ಆಮಟಿಗೂ ನಮ್ಮ ಕಟ್ಟಿನ ಸಾರಿಗೂ ಮೂಲದ್ರವ್ಯ ಒಂದೇ). ನಂತರ ಬೆಲ್ಲ ಸೇರಿಸಿ, ನೆಟ್ಟ ಸೌಟು ಬೀಳದೆ ನಿಲ್ಲುವವರೆಗೂ ಕುದಿಸಿ, ಬಿಸಿಯಿರುವಾಗಲೇ ಅರೆಯಿರಿ. ಪುಣೆಯ ತುಳಶೀಬಾಗಿನ ಪಾತ್ರೆ ಅಂಗಡಿಗಳಲ್ಲಿ ಸಿಗುವ, ಹೂರಣ ಅರೆಯುವ ಪೂರಣ ಯಂತ್ರ ಕೊಳ್ಳುವುದು ಒಳ್ಳೆಯದು. ಮಿಕ್ಸರಿನಲ್ಲಿ ಅರೆಯುವಾಗ ನೀರು ಹಾಕುವ ಪ್ರಲೋಭನೆ ಅದರಲ್ಲಿರುವುದಿಲ್ಲ. ಏಲಕ್ಕಿ, ಜಾಯಿಕಾಯಿ ಕೊನೆಗೆ ಬೆರೆಸಿ.

ತುಂಬುವ ಮೊದಲು ಎರಡನ್ನೂ ಬೆರಳಿನಿಂದ ಒತ್ತಿ ನೋಡಿ. ಎರಡೂ ಒಂದೇ ರೀತಿ ತಗ್ಗಬೇಕು. ಹೂರಣ ಸಡಿಲವೆನಿಸಿದರೆ ಮತ್ತೆ ಒಲೆಯ ಮೇಲಿಟ್ಟು ಕೈಯಾಡಿಸಿ, ಗಟ್ಟಿಯೆನಿಸಿದರೆ ಒಂದು ಚಮಚ ಬಿಸಿ ಹಾಲು ಬೆರೆಸಿ. ಉಂಡೆಯ ಬಾಯಿ ಮುಚ್ಚಿದ ಜಾಗದಲ್ಲಿ ಕಣಕ ದಪ್ಪಗೆ ಗಂಟಾಗಿ ಉಳಿಯದಂತೆ ಹೆಚ್ಚಾದುದನ್ನು ಕಿತ್ತು ತೆಗೆದು, ಅಕ್ಕಿ ಹಿಟ್ಟು ಉದುರಿಸಿ ನಡುವಿನಿಂದ ಅಂಚಿನ ಕಡೆಗೆ ಹಗುರವಾಗಿ ಲಟ್ಟಿಸಿ.

ಪ್ರಶ್ನೆ: ಡೊಂಬಿವಲಿಯಲ್ಲಿರುವ ನಮಗೆ ಮೈಸೂರು ಕಡೆಯ ತೊಗರಿಬೇಳೆ ಒಬ್ಬಟ್ಟೇ ರೂಢಿ. ಕುಕ್ಕರಿನಲ್ಲಿ ಬೇಯಿಸಿದಾಗ ಹೂರಣ ನೀರಾಗುತ್ತದೆ, ಏನು ಮಾಡಬೇಕು?

ಉತ್ತರ: ತೊಗರಿಬೇಳೆ ಕಡಲೆಬೇಳೆಗಿಂತ ಬೇಗ ಕರಗುತ್ತದೆ, ಕುಕ್ಕರಿನಲ್ಲಿ ಅದು ನೀರನ್ನೂ ಹೀರಿಕೊಂಡು ಮುದ್ದೆಯಾಗುವುದರಿಂದ ಕಟ್ಟು ಬಸಿಯಲು ಬರುವುದಿಲ್ಲ. ತೆರೆದ ಪಾತ್ರೆಯಲ್ಲೇ ಬೇಯಿಸಿ. ಈಗಾಗಲೇ ನೀರಾಗಿದ್ದರೆ ದಪ್ಪ ತಳದ ಬಾಣಲೆಯಲ್ಲಿ ಸಣ್ಣ ಉರಿಯಲ್ಲಿ ಬಿಡದೆ ಕೈಯಾಡಿಸಿ. ಚಿರೋಟಿ ರವೆಯ ಕಣಕವನ್ನು ಎಣ್ಣೆಯಲ್ಲಿ ಮುಳುಗಿಸಿಟ್ಟು, ಬಾಳೆಎಲೆಯ ಮೇಲೆ ಕೈಯಿಂದಲೇ ತಟ್ಟುವ ನಿಮ್ಮ ಪದ್ಧತಿಗೆ ಕೊಂಚ ಮೆತ್ತಗಿನ ಹೂರಣವೂ ಒಗ್ಗುತ್ತದೆ.

ಪ್ರಶ್ನೆ: ಮಡಗಾಂವಿನ ಮಳೆಗಾಲದಲ್ಲಿ ಕಾಯಿ ಹೋಳಿಗೆ ಮರುದಿನವೇ ಹಳಸುತ್ತದೆ. ಊರಿಗೆ ಒಯ್ಯುವುದು ಹೇಗೆ?

ಉತ್ತರ: ಹಸಿ ತೆಂಗಿನಕಾಯಿಯ ತೇವ ಆ ಹವೆಯಲ್ಲಿ ಹೆಚ್ಚು ಹೊತ್ತು ತಡೆಯದು, ಆದ್ದರಿಂದ ಕಾಯಿ ಹೋಳಿಗೆಯನ್ನು ಮಾಡಿದ ದಿನವೇ ತಿನ್ನುವುದು ಸರಿ. ಪ್ರಯಾಣಕ್ಕೆ ಶೇಂಗಾ ಅಥವಾ ಎಳ್ಳಿನ ಹೋಳಿಗೆ ಮಾಡಿಕೊಳ್ಳಿ. ಹುರಿದ ಪುಡಿಗೆ ಬೆಲ್ಲ ಕುಟ್ಟಿ ಸೇರಿಸುವ ಈ ಹೂರಣಕ್ಕೆ ನೀರು ಬೀಳುವುದಿಲ್ಲ. ಗರಿಗರಿಯಾಗುವವರೆಗೆ ಬೇಯಿಸಿ, ಪೂರ್ತಿ ಆರಿದ ಮೇಲೆಯೇ ಡಬ್ಬಿಗೆ ತುಂಬಿ.