ಅಪ್ಪ-ಅಮ್ಮನ ಜೊತೆ ಸ್ಕೈ ದ್ವೀಪಕ್ಕೆ

ಸ್ಕಾಟ್ಲೆಂಡಿನ ಎಡಿನ್‌ಬರೋದಿಂದ ಅಲ್ಲಿಯದೇ ಸ್ಕೈ ದ್ವೀಪಕ್ಕೆ 3 ದಿನದ ಬಸ್ ಟೂರ್, ಅರವತ್ತು ದಾಟಿದ ಅಪ್ಪ-ಅಮ್ಮನಿಗೆ ಆಗುತ್ತದಾ ಅಂತ ಕೇಳಿದ್ದೀರಿ. ಖಂಡಿತ ಆಗುತ್ತದೆ, ಕರೆದುಕೊಂಡು ಹೋಗಿ. 3 ದಿನಕ್ಕಿಂತ ಕಡಿಮೆ ಮಾತ್ರ ಬೇಡ. ಒಂದು ಕಡೆಗೇ ಸುಮಾರು 370 ಕಿಲೋಮೀಟರ್, ಸುಮ್ನೆ ಬಸ್ಸಿನಲ್ಲೇ ಕಾಲ ಕಳೆಯುತ್ತದೆ.

ಅಮ್ಮನಿಗೆ ದೋಣಿ ಆಗಿಬರಲ್ಲ ಅಂದಿರಲ್ಲ, ಚಿಂತೆ ಬೇಡ. 1995ರಿಂದ ದ್ವೀಪಕ್ಕೆ ಸೇತುವೆ ಇದೆ. ಆದರೆ ಕೆಲವು ಟೂರ್‌ಗಳು ಮ್ಯಾಲೇಗ್ ಬಂದರಿನಿಂದ ಫೆರಿ (ದೊಡ್ಡ ದೋಣಿ) ಹಿಡಿಯುತ್ತವೆ, ಬುಕ್ ಮಾಡುವ ಮೊದಲೇ ಕೇಳಿ.

ದಾರಿಯಲ್ಲಿ ಸಿಗುವ ಗ್ಲೆಂಕೋ ಕಣಿವೆಯಲ್ಲಿ ಮಳೆ ಬಂದರೆ ಬೇಜಾರಾಗಬೇಡಿ. ನಾವು ಹೋದಾಗ ಜೋರು ಮಳೆ. ಕಪ್ಪು ಬೆಟ್ಟದ ಮೈಮೇಲೆಲ್ಲ ಬಿಳಿ ನೂಲು ಬಿಟ್ಟ ಹಾಗೆ ನೀರು ಇಳಿಯುತ್ತಿತ್ತು. ನಮ್ಮಮ್ಮ ಕಿಟಕಿಯ ಮಂಜನ್ನು ಸೆರಗಿನಿಂದ ಒರೆಸಿ ಒರೆಸಿ ನೋಡುತ್ತಿದ್ದರು.

ಸ್ಕೈನಲ್ಲಿ ಓಲ್ಡ್ ಮ್ಯಾನ್ ಆಫ್ ಸ್ಟೋರ್ ಬಂಡೆಯ ಹತ್ತಿರ ಹೋಗಲು ಚೆನ್ನಾಗಿ ಏರಬೇಕು. ಮಂಡಿ ನೋವಿದ್ದರೆ ಕೆಳಗಿನಿಂದಲೇ ನೋಡಲಿ, ಅಲ್ಲಿಂದಲೂ ಚೆಂದ. ಅಲ್ಲೇ ಸಮುದ್ರದಂಚಿನ ಕಿಲ್ಟ್ ರಾಕ್ ಬಂಡೆ ನೋಡಲು ನಡಿಗೆ ಕಡಿಮೆ.

ಸಸ್ಯಾಹಾರಿಗಳಿಗೆ ಬೇಯಿಸಿದ ಆಲೂಗಡ್ಡೆ, ಸೂಪು ಸಿಗುತ್ತವೆ. ಸೂಪಿಗೆ ಮಾಂಸ ಬೇಯಿಸಿದ ನೀರು (ಸ್ಟಾಕ್) ಹಾಕಿದ್ದಾರಾ ಅಂತ ಕೇಳಲೇಬೇಕು. ಜುಲೈ, ಆಗಸ್ಟ್‌ನಲ್ಲಿ ಮಿಜ್ ಅನ್ನೋ ಸಣ್ಣ ನೊಣಗಳ ಕಾಟ ಜಾಸ್ತಿ. ಸಾಧ್ಯವಾದರೆ ಮೇ ತಿಂಗಳಲ್ಲೇ ಹೊರಡಿ.